ಉಪ್ಪಿನ ದಾರಿ, ಉಕ್ಕಿನ ಸರಪಳಿ

ಟಿಬೆಟ್ಟಿನ ಶೋಧದ ಚರಿತ್ರೆಯನ್ನು ಡೆಹರಾಡೂನಿನಿಂದಲೋ ಕಠ್ಮಂಡುವಿನಿಂದಲೋ ಆರಂಭಿಸುವುದು ವಾಡಿಕೆಯಾಗಿದ್ದರೂ, ಹಿಮಾಲಯದ ಆಚೆಗಿನ ಪ್ರಸ್ಥಭೂಮಿಯನ್ನು ಕೊನೆಗೆ ನಕಾಶೆಗೆ ಇಳಿಸಿದ ಅಳತೆಯ ಕೆಲಸ ಮೊಳಕೆಯೊಡೆದದ್ದು ಟಿಪ್ಪು ಸುಲ್ತಾನನ ಪತನದ ಬೆನ್ನಲ್ಲೇ, ಮೈಸೂರು ಸೀಮೆಯಲ್ಲಿ. ಆ ದಿನಗಳ ಕೋಲಾಹಲದ ಒಂದು ಮುಖ್ಯ ಎಳೆ ಇಂದಿನ ದಾವಣಗೆರೆ ಜಿಲ್ಲೆಯ ನೆಲಕ್ಕೆ ಅಂಟಿಕೊಂಡಿದೆ. ಚನ್ನಗಿರಿಯಲ್ಲಿ ಹುಟ್ಟಿ, ಹೈದರನ ಸೈನ್ಯದಲ್ಲಿದ್ದು, ಮುಂದೆ ಟಿಪ್ಪುವಿನ ಸೆರೆಯಾಳಾಗಿದ್ದ ಧೋಂಡಿಯ ವಾಘ, 1799ರ ಮೇ ತಿಂಗಳಲ್ಲಿ ಶ್ರೀರಂಗಪಟ್ಟಣ ಬಿದ್ದಾಗ ಸೆರೆಯಿಂದ ಹೊರಬಿದ್ದು, ಚದುರಿದ ಸೈನಿಕರನ್ನು ಕೂಡಿಸಿಕೊಂಡು, ಶಿಕಾರಿಪುರದ ಆಸುಪಾಸಿನಿಂದ ತುಂಗಭದ್ರೆಯ ಆಚೆ ದಡದವರೆಗೂ ಕಂಪನಿ ಸರ್ಕಾರದ ನಿದ್ದೆ ಕೆಡಿಸಿದನು. ಅವನ ಬೆನ್ನಟ್ಟಿದ ಕರ್ನಲ್ ಆರ್ಥರ್ ವೆಲ್ಲೆಸ್ಲಿ 1800ರ ಸೆಪ್ಟೆಂಬರ್ 10ರಂದು ಕೋಣಗಲ್ಲಿನಲ್ಲಿ ಅವನನ್ನು ಕೊಂದನು. ಮುಂದಿನ ತಿಂಗಳೇ ವೆಲ್ಲೆಸ್ಲಿಯ 33ನೆಯ ರೆಜಿಮೆಂಟಿಗೆ ಸೇರಿದ ವಿಲಿಯಂ ಲ್ಯಾಂಬ್ಟನ್ ಬೆಂಗಳೂರಿನ ಹತ್ತಿರ ತನ್ನ ಮೊದಲ ಆಧಾರರೇಖೆಯನ್ನು ಅಳೆಯತೊಡಗಿದನು. ಒಂದನ್ನು ಮುಗಿಸಿ ಇನ್ನೊಂದಕ್ಕೆ ಕೈಹಾಕಿದರೆಂದು ಇದರ ಅರ್ಥವಲ್ಲ. ಆದರೆ ಗೆದ್ದ ನೆಲವನ್ನು ಅಳೆದು ಇಟ್ಟುಕೊಳ್ಳಬೇಕೆಂಬ ಆತುರ ಎರಡರ ಹಿಂದೆಯೂ ಇತ್ತು.

ಆಧಾರರೇಖೆ ಎಂದರೆ ಸಮತಟ್ಟಾದ ನೆಲದ ಮೇಲೆ ಅತ್ಯಂತ ಎಚ್ಚರದಿಂದ ಅಳೆದ ಕೆಲವು ಮೈಲಿಗಳ ನೇರ ಗೆರೆ. ಅದರ ಎರಡು ತುದಿಗಳಿಂದ ದೂರದ ಬೆಟ್ಟವೊಂದರ ಕೋನವನ್ನು ನೋಡಿ ಗುರುತಿಸಿಕೊಂಡರೆ ತ್ರಿಕೋನದ ಉಳಿದೆರಡು ಬಾಹುಗಳು ಲೆಕ್ಕಕ್ಕೆ ಸಿಗುತ್ತವೆ, ಆ ಬಾಹುಗಳ ಮೇಲೆ ಮತ್ತೊಂದು ತ್ರಿಕೋನ, ಅದರ ಮೇಲೆ ಇನ್ನೊಂದು, ಹೀಗೆ ನೆಲದ ಮೇಲೆ ಬಲೆ ಹೆಣೆಯುತ್ತಾ ಹೋಗಬಹುದು. ಲ್ಯಾಂಬ್ಟನ್ ಬಳಸಿದ ಉಕ್ಕಿನ ಸರಪಳಿ ಎರಡೂವರೆ ಅಡಿಯ ನಲವತ್ತು ಕೊಂಡಿಗಳದು, ಅಂದರೆ ನೂರು ಅಡಿ ಉದ್ದದ್ದು. ಚೀನಾದ ಚಕ್ರವರ್ತಿಗೆ ಕಾಣಿಕೆಯಾಗಿ ಹೋಗಿ, ಅಲ್ಲಿ ಬೇಡವೆನಿಸಿಕೊಂಡು ಕಲ್ಕತ್ತೆಗೆ ಬಂದಿದ್ದ ಈ ವಸ್ತು ಕೊನೆಗೆ ಬೆಂಗಳೂರಿನ ಬಯಲಿನಲ್ಲಿ ನೆಲಕ್ಕೆ ತಾಗಿತು. 1802ರಲ್ಲಿ ಮದ್ರಾಸಿನಲ್ಲಿ ಅಳೆದ ರೇಖೆಯಿಂದ ಬೆಂಗಳೂರಿನವರೆಗೆ ತ್ರಿಕೋನಗಳನ್ನು ತಂದು, ಇಲ್ಲಿ ಏಳು ಮೈಲಿಗಳ ಗೆರೆಯನ್ನು ಮತ್ತೆ ಅಳೆದು ನೋಡಿದಾಗ ಲೆಕ್ಕಕ್ಕೂ ಅಳತೆಗೂ ಬಂದ ವ್ಯತ್ಯಾಸ ನಾಲ್ಕು ಅಂಗುಲದೊಳಗೇ ಇತ್ತು. ಈ ಬಲೆಯೇ ಲ್ಯಾಂಬ್ಟನ್, ಎವರೆಸ್ಟ್, ವಾ ಎಂಬ ಮೂವರು ಮುಖ್ಯಸ್ಥರ ಕೈಯಲ್ಲಿ ಉತ್ತರಕ್ಕೆ ಬೆಳೆದು ಹಿಮಾಲಯದ ಬುಡ ಮುಟ್ಟಿತು. 29,002 ಅಡಿಯೆಂದು ಒಂದು ಶಿಖರದ ಎತ್ತರ 1856ರಲ್ಲಿ ಪ್ರಕಟವಾದದ್ದು ಅದರಿಂದಲೇ.

ಸರಪಳಿಗೂ ದುರ್ಬೀನಿಗೂ ಮೊದಲೇ ಈ ಸೀಮೆಯ ದಾರಿಗಳನ್ನು ಬಲ್ಲವರಿದ್ದರು. ಇತ್ತೀಚೆಗೆ ಹೊನ್ನಾಳಿಯಿಂದ ಬೇರೆಯಾಗಿ ತಾಲ್ಲೂಕಾದ ನ್ಯಾಮತಿಯ ಸೂರಗೊಂಡನಕೊಪ್ಪ, ಲಂಬಾಣಿಗರ ಗುರು ಸಂತ ಸೇವಾಲಾಲರು 1739ರಲ್ಲಿ ಹುಟ್ಟಿದ ಸ್ಥಳವೆಂದು ಆ ಸಮುದಾಯ ನಂಬುತ್ತದೆ. ಲಂಬಾಣಿ ಎಂಬ ಹೆಸರನ್ನು 'ಲವಣ'ದಿಂದ ಬಿಡಿಸುವುದು ರೂಢಿಯಲ್ಲಿರುವ ವ್ಯುತ್ಪತ್ತಿ. ಅದು ಭಾಷಾಶಾಸ್ತ್ರಕ್ಕೆ ಒಪ್ಪಿಗೆಯಾಗಲಿ ಬಿಡಲಿ, ಸಮುದ್ರತೀರದ ಉಪ್ಪನ್ನು ಒಳನಾಡಿಗೂ ಒಳನಾಡಿನ ಧಾನ್ಯವನ್ನು ದಂಡಿನ ಪಾಳೆಯಗಳಿಗೂ ಹೇರೆತ್ತುಗಳ ಮೇಲೆ ಸಾಗಿಸಿದವರು ಅವರೇ ಎಂಬುದರಲ್ಲಿ ಅನುಮಾನವಿಲ್ಲ. ಹೇರೆತ್ತು ಎಂದರೆ ಬೆನ್ನಿನ ಎರಡೂ ಮಗ್ಗುಲಿಗೆ ತೂಗುವ ಗೋಣಿಗಳಲ್ಲಿ ಸರಕು ಹೊರುವ ಎತ್ತು. ಅದಕ್ಕೆ ಗಾಡಿಯೂ ಬೇಡ, ಗಾಡಿದಾರಿಯೂ ಬೇಡ. ವೆಲ್ಲೆಸ್ಲಿಯ ಪತ್ರಗಳಲ್ಲಿ ಬ್ರಿಂಜಾರಿಗಳೆಂಬ ಹೆಸರಿನಿಂದ ಮತ್ತೆ ಮತ್ತೆ ಬರುವ ಈ ಜನ ಧಾನ್ಯ ತರದಿದ್ದರೆ ಅವನ ದಂಡು ಹೆಜ್ಜೆ ಎತ್ತುತ್ತಿರಲಿಲ್ಲ.

ಇದೇ ಕಥೆ ಹಿಮಾಲಯದಲ್ಲಿಯೂ ನಡೆಯಿತು. 1860ರ ದಶಕದ ಹೊತ್ತಿಗೆ ತ್ರಿಕೋನಗಳ ಬಲೆ ಟಿಬೆಟ್ಟಿನ ಗಡಿಯಲ್ಲಿ ನಿಂತುಬಿಟ್ಟಿತ್ತು, ಏಕೆಂದರೆ ಯುರೋಪಿಯನ್ನರಿಗೆ ಅಲ್ಲಿ ಪ್ರವೇಶವಿರಲಿಲ್ಲ. ಗಡಿಯ ವ್ಯಾಪಾರಿಗಳಿಗೆ ಮಾತ್ರ ಯಾವ ಅಡ್ಡಿಯೂ ಇಲ್ಲವೆಂಬುದನ್ನು ಗಮನಿಸಿದ ಕ್ಯಾಪ್ಟನ್ ಮಾಂಟ್ಗೊಮರಿ, ಅಂಥವರಿಗೇ ಅಳತೆಯ ವಿದ್ಯೆ ಕಲಿಸಿ ಕಳಿಸುವ ಯೋಜನೆ ಹೂಡಿದನು. ಹೀಗೆ ಆರಿಸಲ್ಪಟ್ಟ ನೈನ್ ಸಿಂಗ್ ಕುಮಾಊಂನ ಜೋಹಾರ್ ಕಣಿವೆಯ ಮಿಲಂ ಗ್ರಾಮದ ಶಾಲಾಮಾಸ್ತರ. ಅವನ ಶೌಕಾ ಜನ ಧಾನ್ಯ ಕೊಟ್ಟು ಟಿಬೆಟ್ಟಿನ ಉಪ್ಪು, ಉಣ್ಣೆ ತರುವವರು. ಎತ್ತು ಹತ್ತಲಾರದ ಕಣಿವೆಗಳಲ್ಲಿ ಕುರಿ ಮೇಕೆಗಳ ಬೆನ್ನಿಗೆ ಇಬ್ಬದಿಯ ಪುಟ್ಟ ಚೀಲ ಕಟ್ಟಿ ಉಪ್ಪು ಹೊರಿಸುವವರು.

ನೈನ್ ಸಿಂಗನ ಸಲಕರಣೆಗಳನ್ನು ಒಂದೊಂದಾಗಿ ನೋಡಬೇಕು. ಬೌದ್ಧರ ಜಪಮಾಲೆಗೆ 108 ಮಣಿ, ಅವನದಕ್ಕೆ 100. ನೂರು ಹೆಜ್ಜೆಗೆ ಒಂದು ಮಣಿ ಸರಿಸಿದರೆ ಮಾಲೆಯ ಒಂದು ಸುತ್ತಿಗೆ ಹತ್ತು ಸಾವಿರ ಹೆಜ್ಜೆ, ಸುಮಾರು ಎರಡು ಸಾವಿರ ಹೆಜ್ಜೆಗೆ ಒಂದು ಮೈಲಿ. ಮಂತ್ರ ಬರೆದ ಸುರುಳಿ ಇರಬೇಕಾದ ಪ್ರಾರ್ಥನಾಚಕ್ರದೊಳಗೆ ಅಳತೆಯ ಟಿಪ್ಪಣಿಗಳು, ಊರುಗೋಲಿನಲ್ಲಿ ಉಷ್ಣಮಾಪಕ, ಕವಡೆಯೊಳಗೆ ಪಾದರಸ. ನೀರು ಕುದಿಯುವ ಉಷ್ಣಾಂಶದಿಂದ ಎತ್ತರ ತಿಳಿಯುತ್ತಿತ್ತು. ತಟ್ಟೆಗೆ ಸುರಿದ ಪಾದರಸದ ಕನ್ನಡಿಯಲ್ಲಿ ನಕ್ಷತ್ರ ನೋಡಿದರೆ ಅಕ್ಷಾಂಶ. 1865ರಲ್ಲಿ ಕಠ್ಮಂಡುವಿನಿಂದ ಹೊರಟು 1866ರ ಜನವರಿಯಲ್ಲಿ ಅವನು ಲ್ಹಾಸಾ ತಲುಪಿದನು. ದಾರಿಯಲ್ಲಿ ಬ್ರಹ್ಮಪುತ್ರೆಯ ಮೇಲ್ಭಾಗವಾದ ತ್ಸಾಂಗ್ಪೋ ನದಿಯಲ್ಲಿ ಅವನು ಕಂಡ ತೊಗಲ ದೋಣಿಗಳನ್ನು ಹೊನ್ನಾಳಿಯ ದಡದವರಿಗೆ ವಿವರಿಸಬೇಕಾಗಿಲ್ಲ: ಅಲ್ಲಿ ಮರದ ಚೌಕಟ್ಟಿಗೆ ಯಾಕ್ ಚರ್ಮ, ಇಲ್ಲಿ ತುಂಗಭದ್ರೆಯಲ್ಲಿ ಬಿದಿರ ಬುಟ್ಟಿಗೆ ದನದ ಚರ್ಮ. ವೆಲ್ಲೆಸ್ಲಿ ಮಳೆಗಾಲದ ಹೊಳೆಗಳನ್ನು ದಾಟಲು ನೆಚ್ಚಿದ್ದೂ ಇದೇ ಹರಿಗೋಲನ್ನೇ.

1877ರಲ್ಲಿ ನೈನ್ ಸಿಂಗನಿಗೆ ರಾಯಲ್ ಜಿಯೋಗ್ರಾಫಿಕಲ್ ಸೊಸೈಟಿಯ ಚಿನ್ನದ ಪದಕ ಸಂದಿತು. ಸಿಕ್ಕಿಂನ ಕಿಂಟುಪ್‌ನಿಗೆ ಆ ಭಾಗ್ಯವಿರಲಿಲ್ಲ. ತ್ಸಾಂಗ್ಪೋ, ಬ್ರಹ್ಮಪುತ್ರೆಗಳು ಒಂದೇ ನದಿಯೇ ಎಂದು ಪರೀಕ್ಷಿಸಲು 1880ರಲ್ಲಿ ಹೊರಟ ಅವನನ್ನು ಜೊತೆಗಿದ್ದ ಲಾಮಾ ಗುಲಾಮನಾಗಿ ಮಾರಿಬಿಟ್ಟನು. ತಪ್ಪಿಸಿಕೊಂಡ ಕಿಂಟುಪ್ ಒಪ್ಪಿಕೊಂಡ ಕೆಲಸವನ್ನು ಬಿಡಲಿಲ್ಲ. ಗುರುತು ಹಾಕಿದ 500 ಮರದ ತುಂಡುಗಳನ್ನು ದಿನಕ್ಕೆ ಐವತ್ತರಂತೆ ನದಿಗೆ ಬಿಟ್ಟನು. ಮುನ್ಸೂಚನೆಯ ಪತ್ರ ತಲುಪದ ಕಾರಣ ಕೆಳಗಡೆ ಅವುಗಳಿಗಾಗಿ ಕಾಯುವವರೇ ಇರಲಿಲ್ಲ. ನಾಲ್ಕು ವರ್ಷಗಳ ನಂತರ ಮರಳಿದ ಅವನ ಮಾತನ್ನು ನಂಬಿದವರೂ ಕಡಿಮೆ. 1913ರ ಶೋಧಯಾತ್ರೆ ನಡೆಯುವವರೆಗೆ ಅವನ ವರದಿ ಸಂದೇಹದ ನೆರಳಿನಲ್ಲಿಯೇ ಉಳಿಯಿತು.

ಉಣ್ಣೆಯ ಎಳೆ ಹಿಡಿದು ಹಿಂದಿರುಗಿದರೆ ಫ್ರಾನ್ಸಿಸ್ ಬುಕಾನನ್ ಎದುರಾಗುತ್ತಾನೆ. 1800–01ರಲ್ಲಿ ಮೈಸೂರು ಸೀಮೆಯನ್ನು ಸುತ್ತಿ, ಜಗಳೂರಿನ ನೆರೆಯ ದಾವಣಗೆರೆಯ ಕಂಬಳಿಯ ಉದ್ಯಮವನ್ನು ದಾಖಲಿಸಿದ ಈ ವೈದ್ಯ ಮರುವರ್ಷವೇ ನೇಪಾಳಕ್ಕೆ ಹೋಗಿ ಆ ನಾಡಿನ ಬಗ್ಗೆಯೂ ಗ್ರಂಥ ಬರೆದನು. ಜಗಳೂರಿನ ಬಯಲಿನ ಕುರುಬರ ಕರಿ ಕಂಬಳಿಗೂ ಟಿಬೆಟ್ಟಿನ ಉಣ್ಣೆಗೂ ಮಾರುಕಟ್ಟೆಯ ನಂಟಿರಲಿಲ್ಲ, ಆದರೆ ಎರಡೂ ಒಬ್ಬನೇ ಕಂಪನಿ ನೌಕರನ ಲೆಕ್ಕದ ಕಣ್ಣಿಗೆ ಬಿದ್ದವು.

ಟಿಬೆಟ್ಟಿನ ಆ ಎತ್ತರದ ಜನ ಕನ್ನಡ ನಾಡಿಗೆ ಬಂದದ್ದು 1959ರ ನಂತರ. 1960ರ ಸುಮಾರಿಗೆ ಬೈಲಕುಪ್ಪೆಯಲ್ಲಿಯೂ, ಜಗಳೂರು ಆಗ ಸೇರಿದ್ದ ಚಿತ್ರದುರ್ಗ ಜಿಲ್ಲೆಯ ನಾಯಕ ಎಸ್. ನಿಜಲಿಂಗಪ್ಪನವರು ಮುಖ್ಯಮಂತ್ರಿಯಾಗಿದ್ದಾಗ, 1966ರಲ್ಲಿ, ಮುಂಡಗೋಡಿನಲ್ಲಿಯೂ ಟಿಬೆಟನ್ ನಿರಾಶ್ರಿತರು ಕಾಡು ಕಡಿದು ನೆಲೆ ನಿಂತರು. ಲ್ಹಾಸಾದ ಸುತ್ತಲಿನ ಮೂರು ಮಹಾವಿಹಾರಗಳಲ್ಲಿ ಸೆರಾ ಬೈಲಕುಪ್ಪೆಯಲ್ಲಿಯೂ, ಡ್ರೆಪುಂಗ್ ಮತ್ತು ಗಾಂದೆನ್ ಮುಂಡಗೋಡಿನಲ್ಲಿಯೂ ಮರುಹುಟ್ಟು ಪಡೆದವು. ದಾವಣಗೆರೆಯ ರೈತರಂತೆಯೇ ಅವರೂ ಮೆಕ್ಕೆಜೋಳ ಬೆಳೆಯುತ್ತಾರೆ. ಕೊಯ್ಲು ಮುಗಿದ ಮೇಲೆ ಹಲವು ಕುಟುಂಬಗಳು ಸ್ವೆಟರುಗಳ ಮೂಟೆ ಕಟ್ಟಿಕೊಂಡು ದೂರದ ಪಟ್ಟಣಗಳಿಗೆ ಚಳಿಗಾಲದ ವ್ಯಾಪಾರಕ್ಕೆ ಹೊರಡುತ್ತವೆ. ಆ ಉಣ್ಣೆ ಈಗ ಟಿಬೆಟ್ಟಿನದಲ್ಲ, ಲುಧಿಯಾನದ ಕಾರ್ಖಾನೆಗಳದು.