ಡಿಸೋಜ: ಒಂದು ಪೋರ್ಚುಗೀಸ್ ಕುಲನಾಮದ ಚರಿತ್ರೆ

ಡಿಸೋಜ ಎಂಬುದು ಪೋರ್ಚುಗೀಸರ ‘ದೆ ಸೋಜ’ ಎಂಬ ಕುಲನಾಮದ ಭಾರತೀಯ ರೂಪ. ಸೋಜ ಉತ್ತರ ಪೋರ್ಚುಗಲ್‌ನ ಒಂದು ಸಣ್ಣ ನದಿ. ಫೆಲ್ಗೇರಸ್ ಪ್ರದೇಶದಲ್ಲಿ ಹುಟ್ಟಿ, ಪೋರ್ತೊ ನಗರಕ್ಕೆ ಸ್ವಲ್ಪ ಮೇಲೆ ದೋರು ನದಿಯನ್ನು ಕೂಡಿಕೊಳ್ಳುತ್ತದೆ. ನದಿಯ ಹೆಸರು ಕಲ್ಲುಬಂಡೆ ಎಂಬ ಅರ್ಥದ ಲ್ಯಾಟಿನ್ ಶಬ್ದದಿಂದ ಬಂದಿರಬಹುದೆಂದು ಕೆಲವರು ಹೇಳುತ್ತಾರೆ, ಇದು ಊಹೆಯಷ್ಟೆ. ಆ ಕಣಿವೆಯಲ್ಲಿ ಭೂಮಿ ಹೊಂದಿದ್ದ ಮನೆತನಕ್ಕೆ ಹೊಳೆಯ ಹೆಸರೇ ಅಂಟಿಕೊಂಡಿತು.

ಈ ಹೆಸರನ್ನು ಮೊದಲು ಧರಿಸಿದವನು 11ನೆಯ ಶತಮಾನದ ಎಗಸ್ ಗೋಮೆಸ್ ದೆ ಸೋಜ ಎಂದು ವಂಶಾವಳಿಗಳು ಹೇಳುತ್ತವೆ. ಆಗಿನ್ನೂ ಪೋರ್ಚುಗಲ್ ರಾಜ್ಯವೇ ಆಗಿರಲಿಲ್ಲ. ರಾಜ್ಯವಾದ ಮೇಲೆ ಸೋಜ ಮನೆತನದವರು ಆಸ್ಥಾನದ ದೊಡ್ಡ ಸರದಾರರಾದರು. 13ನೆಯ ಶತಮಾನದಲ್ಲಿ ಮೂಲ ವಂಶದ ಗಂಡುಸಂತತಿ ನಿಂತುಹೋದಾಗ ಆಸ್ತಿಯೂ ಹೆಸರೂ ಹೆಣ್ಣುಮಕ್ಕಳ ಕಡೆಗೆ ಬಂದವು. ದೊರೆ ಮೂರನೆಯ ಅಫೊನ್ಸೊನ ಇಬ್ಬರು ವಿವಾಹಬಾಹಿರ ಪುತ್ರರು ಈ ಮನೆತನದ ಹೆಣ್ಣುಗಳನ್ನು ಮದುವೆಯಾದರು. ಮುಂದಿನ ಎರಡು ಮುಖ್ಯ ಕವಲುಗಳು ಇವರಿಂದಲೇ ಬೆಳೆದವು. ಹೀಗೆ ಹೆಸರು ತಾಯಂದಿರದು, ರಾಜರಕ್ತ ತಂದೆಯರದು.

16ನೆಯ ಶತಮಾನದಲ್ಲಿ ಹೆಸರು ಸಮುದ್ರ ದಾಟಿತು. ಮಾರ್ತಿಂ ಅಫೊನ್ಸೊ ದೆ ಸೋಜ 1532ರಲ್ಲಿ ಬ್ರೆಜಿಲ್‌ನ ಸಾವೊ ವಿಸೆಂಟೆ ನೆಲೆಯನ್ನು ಸ್ಥಾಪಿಸಿದ. ಹತ್ತು ವರ್ಷಗಳ ನಂತರ ಇವನೇ ಪೋರ್ಚುಗೀಸ್ ಭಾರತದ ಗವರ್ನರ್ ಆಗಿ ಗೋವೆಗೆ ಬಂದ. ಸಂತ ಫ್ರಾನ್ಸಿಸ್ ಜೇವಿಯರ್ ಭಾರತಕ್ಕೆ ಬಂದದ್ದು ಇವನ ಜೊತೆಯಲ್ಲೇ. ತೊಮೆ ದೆ ಸೋಜ 1549ರಲ್ಲಿ ಬ್ರೆಜಿಲ್‌ನ ಮೊದಲ ಗವರ್ನರ್ ಜನರಲ್ ಆಗಿ ಸಾಲ್ವಡೋರ್ ನಗರವನ್ನು ಕಟ್ಟಿಸಿದ.

ಇಂಥವರ ಹೆಸರು ಕೇಳಿ, ಇಂದಿನ ಸೋಜರೆಲ್ಲ ಅವರ ಸಂತತಿ ಎಂದುಕೊಂಡರೆ ತಪ್ಪಾಗುತ್ತದೆ. ಕುಲನಾಮ ಹೆಚ್ಚಾಗಿ ಹರಡಿದ್ದು ಜ್ಞಾನಸ್ನಾನದಿಂದ ಮತ್ತು ಗುಲಾಮಗಿರಿಯಿಂದ. ಬ್ರೆಜಿಲ್‌ನಲ್ಲಿ ಬಿಡುಗಡೆಯಾದ ಗುಲಾಮರು ಹಳೆಯ ಒಡೆಯನ ಕುಲನಾಮವನ್ನೇ ಇಟ್ಟುಕೊಳ್ಳುವುದು ಸಾಮಾನ್ಯವಾಗಿತ್ತು. ಅಲ್ಲಿನ ಸಂಕೇತವಾದಿ ಕಾವ್ಯದ ಹಿರಿಯ ಕವಿ ಜುವಾಂವ್ ದ ಕ್ರೂಸ್ ಇ ಸೋಜ (1861–1898) ಬಿಡುಗಡೆ ಪಡೆದ ಕರಿಯ ದಂಪತಿಗಳ ಮಗ. ‘ಸೋಜ’ ಬಂದದ್ದು ಅವರ ಒಡೆಯನಾಗಿದ್ದ ಸೇನಾಧಿಕಾರಿಯಿಂದ. ಇದಕ್ಕೆ ತದ್ವಿರುದ್ಧವಾದ ಪ್ರಸಂಗವೂ ಉಂಟು. ಬ್ರೆಜಿಲ್‌ನಲ್ಲಿ ಹುಟ್ಟಿದ ಫ್ರಾನ್ಸಿಸ್ಕೊ ಫೆಲಿಕ್ಸ್ ದೆ ಸೋಜ ಪಶ್ಚಿಮ ಆಫ್ರಿಕದ ಉಯಿದಾ ಬಂದರಿನಲ್ಲಿ ಗುಲಾಮರ ವ್ಯಾಪಾರ ನಡೆಸಿ ಅಪಾರ ಹಣ ಗಳಿಸಿದ. 1849ರಲ್ಲಿ ಸತ್ತ. ಈಗಿನ ಬೆನಿನ್ ದೇಶದಲ್ಲಿ ಅವನ ವಂಶಸ್ಥರು ದೊಡ್ಡ ಸಂಖ್ಯೆಯಲ್ಲಿದ್ದಾರೆ.

ಗೋವೆಯಲ್ಲಿ ಮತಾಂತರವಾದವರಿಗೆ ದೀಕ್ಷೆ ಕೊಟ್ಟ ಪಾದ್ರಿಯ ಅಥವಾ ಧರ್ಮಪಿತನಾಗಿ ನಿಂತ ಪೋರ್ಚುಗೀಸನ ಕುಲನಾಮ ಸಿಗುತ್ತಿತ್ತು. ಆದ್ದರಿಂದ ಯಾವ ನಂಟೂ ಇಲ್ಲದ ಮನೆಗಳು ಒಂದೇ ಹೆಸರಿನವಾದವು. ಒಂದೇ ಮೂಲದ ಮನೆಗಳು ಬೇರೆ ಬೇರೆ ಹೆಸರಿನವಾದದ್ದೂ ಉಂಟು. ಬ್ರಾಹ್ಮಣರೂ ಡಿಸೋಜರಾದರು, ಶೂದ್ರರೂ ಡಿಸೋಜರಾದರು. ಜಾತಿಯ ನೆನಪು ಮಾತ್ರ ಹೊಸ ಹೆಸರಿನ ಕೆಳಗೆ ಬಹುಕಾಲ ಉಳಿಯಿತು.

ಕನ್ನಡ ಕರಾವಳಿಗೆ ಈ ಹೆಸರು ತಂದವರು ಗೋವೆಯಿಂದ ದಕ್ಷಿಣಕ್ಕೆ ವಲಸೆ ಬಂದ ಕೊಂಕಣಿ ಕ್ರೈಸ್ತರು. 1560ರಲ್ಲಿ ಆರಂಭವಾದ ಇನ್‌ಕ್ವಿಸಿಶನ್ (ಚರ್ಚಿನ ಮತವಿಚಾರಣೆ), ಬರಗಾಲ, ಪಿಡುಗುಗಳು, 1683ರ ಮರಾಠಾ ದಾಳಿ, ಇವೆಲ್ಲ ಅವರನ್ನು ಹೊರಡಿಸಿದವು. ಬೇಸಾಯ ಬಲ್ಲ ಈ ಜನರಿಗೆ ಕೆಳದಿಯ ಅರಸರು ನೆಲೆ ಕೊಟ್ಟರು. ಚರ್ಚಿನ ದಾಖಲೆಯಲ್ಲಿ ಡಿಸೋಜ ಆಗಿದ್ದವನು ನೆರೆಯ ತುಳುವರ ಬಾಯಲ್ಲಿ ‘ಪೊರ್ಬು’, ಅಂದರೆ ಪ್ರಭು. ಪ್ರಭು, ಕಾಮತ್, ಪೈ, ಶೆಣೈ ಮುಂತಾದ ಹಳೆಯ ಕುಲನಾಮಗಳನ್ನು ಕೆಲವು ಮನೆಗಳವರು ಇಂದಿಗೂ ಮರೆತಿಲ್ಲ. 1784ರಲ್ಲಿ ಟಿಪ್ಪು ಸುಲ್ತಾನನು ಈ ಸಮುದಾಯವನ್ನು ಸೆರೆಹಿಡಿದು ಶ್ರೀರಂಗಪಟ್ಟಣಕ್ಕೆ ಸಾಗಿಸಿದ. 1799ರಲ್ಲಿ ಅವನ ಪತನದ ನಂತರ ಬದುಕುಳಿದವರು ಮರಳಿದರು. ಆಮೇಲೆ ಮುಂಬಯಿಗೂ ಕೊಲ್ಲಿ ದೇಶಗಳಿಗೂ ಹೋದವರ ಜೊತೆ ಹೆಸರೂ ಹೋಯಿತು.

ಬರವಣಿಗೆಯ ರೂಪಗಳು ಹಲವು. ಪೋರ್ಚುಗಲ್ 1911ರ ಕಾಗುಣಿತ ಸುಧಾರಣೆಯಲ್ಲಿ ಹಳೆಯ ‘ಝಡ್’ ಬಿಟ್ಟು ‘ಎಸ್’ ಹಿಡಿಯಿತು. ಗೋವೆ, ಮಂಗಳೂರುಗಳಲ್ಲಿ ಝಡ್ ಉಳಿದಿದೆ. ‘ಡಿ’ ಅಕ್ಷರದ ಮುಂದೆ ಮೇಲುಚುಕ್ಕೆ (ಅಪಾಸ್ಟ್ರಫಿ) ಹಾಕುವುದು ಇಲ್ಲಿನ ರೂಢಿ. ಪೋರ್ಚುಗೀಸರು ಅದನ್ನು ಸ್ವರಾಕ್ಷರದ ಹಿಂದೆ ಮಾತ್ರ ಬಳಸುತ್ತಿದ್ದರು. ಸ್ಪ್ಯಾನಿಷ್ ನಾಡುಗಳಲ್ಲಿ ಇದು ‘ಸೋಸ’, ಶ್ರೀಲಂಕಾದಲ್ಲಿ ‘ಸೊಯ್ಸಾ’. ಅಮೆರಿಕದ ಸೇನಾವಾದ್ಯ ಸಂಗೀತಕಾರ ಜಾನ್ ಫಿಲಿಪ್ ಸೂಸಾ (1854–1932) ಹೆಸರೂ ಇದೇ.

ಕನ್ನಡದಲ್ಲಿ ಈ ಕುಲನಾಮಕ್ಕೆ ಪರಿಚಯವೇ ಬೇಡವಾದದ್ದು ಸಾಗರದ ಕಾದಂಬರಿಕಾರ ನಾ. ಡಿಸೋಜ ಅವರಿಂದ. ಶರಾವತಿ ಕಣಿವೆಯ ಮುಳುಗಡೆಯನ್ನು ಕುರಿತ ಅವರ ‘ದ್ವೀಪ’ವನ್ನು ಗಿರೀಶ್ ಕಾಸರವಳ್ಳಿ ಚಲನಚಿತ್ರವಾಗಿಸಿದರು. 2014ರಲ್ಲಿ ಮಡಿಕೇರಿಯ ಕನ್ನಡ ಸಾಹಿತ್ಯ ಸಮ್ಮೇಳನಕ್ಕೆ ನಾ. ಡಿಸೋಜ ಅವರೇ ಅಧ್ಯಕ್ಷರಾಗಿದ್ದರು. ನಂಟಿಲ್ಲದ ಎಷ್ಟೋ ಮನೆಗಳು ಇದೇ ಹೆಸರಿನವಾದ್ದರಿಂದ, ಡಿಸೋಜ ಮನೆತನವೊಂದರ ಮೂಲ ಹುಡುಕುವವರಿಗೆ ಕುಲನಾಮ ಹೆಚ್ಚು ನೆರವಾಗದು. ಪೂರ್ವಜರ ಊರು ಯಾವುದೆಂದು ಕೇಳಿಕೊಂಡು ಅಲ್ಲಿನ ಚರ್ಚಿನ ಜ್ಞಾನಸ್ನಾನದ ದಾಖಲೆ ನೋಡಬೇಕು.