ಬಣ್ಣದಿಂದ ಬರಹದತ್ತ: ಟರ್ಕಿ ಚಿತ್ರರಂಗದ ಮೊದಲ ಹೆಣ್ಣುಮಕ್ಕಳು

1920ರಲ್ಲಿ ಇಸ್ತಾಂಬುಲ್‌ನ ಕಾದಿಕೊಯ್‌ನಲ್ಲಿದ್ದ ಅಪೊಲೊನ್ ರಂಗಮಂದಿರಕ್ಕೆ ಪೊಲೀಸರು ನುಗ್ಗಿದರು. ಅವರು ಹುಡುಕಿಕೊಂಡು ಬಂದದ್ದು ಅಫೀಫೆ ಜಾಲೆ ಎಂಬ ಹರೆಯದ ನಟಿಯನ್ನು. ಮುಸ್ಲಿಂ ಹೆಣ್ಣುಮಗಳು ಬಣ್ಣ ಹಚ್ಚುವಂತಿರಲಿಲ್ಲ. ಸ್ತ್ರೀಪಾತ್ರಗಳೆಲ್ಲ ಆರ್ಮೇನಿಯನ್, ಗ್ರೀಕ್ ನಟಿಯರ ಪಾಲಿಗಿದ್ದವು. ಸಂಗಡಿಗರು ಅಫೀಫೆಯವರನ್ನು ಹಿಂಬಾಗಿಲಿನಿಂದ ಪಾರು ಮಾಡಿದರು. ಮರುವರ್ಷ ಮುಸ್ಲಿಂ ಹೆಣ್ಣುಮಕ್ಕಳು ರಂಗ ಹತ್ತಬಾರದೆಂಬ ಆದೇಶವೇ ಹೊರಟು, ಅವರ ಕೆಲಸ ಹೋಯಿತು. 1941ರಲ್ಲಿ ಮಾನಸಿಕ ಆಸ್ಪತ್ರೆಯಲ್ಲಿ ತೀರಿಕೊಂಡರು. ಟರ್ಕಿಯ ಚಿತ್ರನಟಿಯರ ಕಥೆಯನ್ನು ಆ ಹಿಂಬಾಗಿಲಿನಿಂದಲೇ ಶುರು ಮಾಡಬೇಕು ಎಂದು ನನಗನ್ನಿಸುತ್ತದೆ.

ಪೊಲೀಸರು ನುಗ್ಗಿದ ಮೂರೇ ವರ್ಷಕ್ಕೆ ಗಾಳಿ ತಿರುಗಿತು. ಲೇಖಕಿ ಹಾಲಿದೆ ಎದಿಪ್ ಟರ್ಕಿಯ ಸ್ವಾತಂತ್ರ್ಯ ಸಮರದ ಬಗ್ಗೆ ಬರೆದ ಕಾದಂಬರಿ ‘ಆತೆಶ್ತೆನ್ ಗೊಮ್ಲೆಕ್’ (ಬೆಂಕಿಯ ಅಂಗಿ) 1923ರಲ್ಲಿ ಮುಹ್ಸಿನ್ ಎರ್ತುಗ್ರುಲ್ ನಿರ್ದೇಶನದಲ್ಲಿ ಸಿನಿಮಾ ಆಯಿತು. ಸ್ತ್ರೀಪಾತ್ರಗಳನ್ನು ಟರ್ಕಿಯ ಹೆಣ್ಣುಮಕ್ಕಳೇ ಮಾಡಬೇಕು ಎಂಬುದು ಲೇಖಕಿಯ ಬಯಕೆ. ಹಾಗೆ ಬಂದವರು ನಟನೊಬ್ಬನ ಪತ್ನಿ ಬೇದಿಯಾ ಮುವಹ್ಹಿತ್ ಮತ್ತು ಪತ್ರಿಕೆಯ ಜಾಹೀರಾತು ನೋಡಿ ಬಂದ ನೆಯ್ಯಿರೆ ನೆಯಿರ್. ಇಬ್ಬರು ನಟಿಯರಿಗೆ ದಾರಿಯಾದದ್ದು ಒಬ್ಬ ಹೆಣ್ಣಿನ ಬರಹ. ಈ ಸಂಗತಿ ಯಾಕೋ ಚರಿತ್ರೆಕಾರರ ಕಣ್ಣಿಗೆ ಸಣ್ಣದಾಗಿ ಕಂಡಿದೆ.

ತಾರೆ ಎನ್ನುವ ಮಾತಿಗೆ ತಕ್ಕ ಮೊದಲ ಮುಖ ಜಾಹಿದೆ ಸೊನ್ಕು ಅವರದು. ಸ್ವೀಡನ್ನಿನ ಲೇಖಕಿ ಸೆಲ್ಮಾ ಲಾಗರ್ಲಾಫ್ ಕಥೆಯನ್ನು ಟರ್ಕಿಯ ಹಳ್ಳಿಗೆ ಒಗ್ಗಿಸಿ 1930ರ ದಶಕದ ನಡುವೆ ಎರ್ತುಗ್ರುಲ್ ತೆಗೆದ ಚಿತ್ರದಲ್ಲಿ ಅವರು ಆಯ್ಸೆಲ್ ಎಂಬ ಬಡ ಹುಡುಗಿ. ಆಯ್ಸೆಲ್ ತಲೆಗೆ ವಸ್ತ್ರ ಕಟ್ಟಿದ ರೀತಿಯನ್ನು ಇಸ್ತಾಂಬುಲ್‌ನ ಪೇಟೆಯ ಹೆಂಗಸರು ಕಲಿತು ಕಟ್ಟಿಕೊಂಡರು. ಹೊಲದ ಕೆಲಸದ ಹುಡುಗಿಯ ತಲೆವಸ್ತ್ರ ಪೇಟೆಯಲ್ಲಿ ಫ್ಯಾಷನ್ ಆಯಿತು!

ಜಾಹಿದೆ ಅಷ್ಟಕ್ಕೇ ನಿಲ್ಲಲಿಲ್ಲ. 1950ರಲ್ಲಿ ಸ್ವಂತ ‘ಸೊನ್ಕು ಫಿಲ್ಮ್’ ಕಟ್ಟಿದರು. 1951ರ ‘ವತನ್ ವೆ ನಾಮಿಕ್ ಕೆಮಾಲ್’, 1953ರ ‘ಬೆಕ್ಲೆನೆನ್ ಶಾರ್ಕಿ’ ಚಿತ್ರಗಳ ನಿರ್ದೇಶನದಲ್ಲಿ ಪಾಲುಗೊಂಡರು. ಎರಡನೆಯದರಲ್ಲೇ ಗಾಯಕ ಝೆಕಿ ಮ್ಯುರೆನ್ ಮೊದಲು ತೆರೆಗೆ ಬಂದದ್ದು. ಟರ್ಕಿಯಲ್ಲಿ ನಿರ್ದೇಶನಕ್ಕಿಳಿದ ಮೊದಲ ಹೆಣ್ಣು ಎಂದು ಅವರ ಹೆಸರನ್ನೇ ಹೇಳುತ್ತಾರೆ. ಮುಂದೆ ಬೆಂಕಿ ಬಿದ್ದು ಕಂಪನಿ ಮುಳುಗಿತು, ಹಣವೂ ಹೋಯಿತು.

ನಟನೆಯ ಜೊತೆಗೆ ಲೇಖನಿಯನ್ನೂ ಹಿಡಿದವರು ಲಾಲೆ ಒರಾಲೊಗ್ಲು. 1924ರಲ್ಲಿ ಹುಟ್ಟಿ, 1950ರ ದಶಕದಲ್ಲಿ ತೆರೆಗೆ ಬಂದ ಅವರು ಚಿತ್ರಕಥೆಗಾರ್ತಿಯೂ ಹೌದು, ತಮ್ಮದೇ ನಾಟಕ ತಂಡ ನಡೆಸಿದವರೂ ಹೌದು. ಅವರು ನಟಿಸಿದ, ಮೆಮ್ದುಹ್ ಉನ್ ನಿರ್ದೇಶನದ 1960ರ ‘ಕಿರಿಕ್ ಚನಕ್ಲಾರ್’ (ಒಡೆದ ಬಟ್ಟಲುಗಳು) ಮರುವರ್ಷ ಬರ್ಲಿನ್ ಚಿತ್ರೋತ್ಸವಕ್ಕೆ ಹೋಯಿತು. ಪಾತ್ರ ಆಡಬೇಕಾದವರೇ ಬರೆಯಲು ಕೂತರೆ ಮಾತಿನ ಉಸಿರೇ ಬೇರೆಯಾಗುತ್ತದೆ. ಎಲ್ಲಿ ಸುಮ್ಮನಿರಬೇಕು ಎಂಬುದು ಅವರ ಬಾಯಿಗೆ ಗೊತ್ತಿರುತ್ತದೆ. ಅದಕ್ಕೇ ಒರಾಲೊಗ್ಲು ನನಗೆ ಮುಖ್ಯ.

ಜಾಹಿದೆ ತುಳಿದ ನಿರ್ದೇಶನದ ದಾರಿಗೆ ಮುಂದೆ ಬೇರೆ ಹೆಣ್ಣುಮಕ್ಕಳೂ ಬಂದರು. 1965ರಲ್ಲಿ ಬಿಲ್ಗೆ ಒಲ್ಗಾಚ್ ತಮ್ಮ ಮೊದಲ ಚಿತ್ರ ನಿರ್ದೇಶಿಸಿದರು. 1972ರಲ್ಲಿ ತಾರೆ ತುರ್ಕಾನ್ ಶೊರಾಯ್ ತಾವೇ ನಟಿಸಿ ‘ದೊನುಶ್’ ತೆಗೆದರು. ಆ ಹೊತ್ತಿಗೆ ಜಾಹಿದೆ ಸೊನ್ಕು ಅದೇ ಇಸ್ತಾಂಬುಲ್‌ನಲ್ಲಿ ಕುಡಿತಕ್ಕೂ ಬಡತನಕ್ಕೂ ಸಿಕ್ಕಿ ದಿನ ದೂಡುತ್ತಿದ್ದರು. 1981ರಲ್ಲಿ ಅವರು ಕಣ್ಣು ಮುಚ್ಚಿದರು.