ಬಿಳಿ ಕಾಲರಿನ ಕಳ್ಳರು

ತೆಂಗಿನಕಾಯಿ ಕದ್ದವನನ್ನು ಕಂಬಕ್ಕೆ ಕಟ್ಟಿ ಹೊಡೆಯೋದನ್ನು ನೋಡಿ ಬೆಳೆದವರು ನಾವು. ತಕ್ಕಡಿಯಲ್ಲಿ ಕದ್ದವನಿಗೆ ಜಾತ್ರೆಯಲ್ಲಿ ಮೊದಲ ಹಾರ. ಆ ಕಳ್ಳತನಕ್ಕೂ ಒಂದು ಹೆಸರಿದೆ ಅಂತ ನಮಗೆ ಗೊತ್ತಾದದ್ದು ಕಾಲೇಜಿಗೆ ಬಂದ ಮೇಲೆ.

ಹೆಸರಿಟ್ಟವನು ಅಮೆರಿಕದ ಎಡ್ವಿನ್ ಸದರ್‌ಲೆಂಡ್. ವಕೀಲನಲ್ಲ, ಸಮಾಜಶಾಸ್ತ್ರದ ಮೇಷ್ಟ್ರು. 1939ರ ಡಿಸೆಂಬರಿನಲ್ಲಿ ಫಿಲಡೆಲ್ಫಿಯಾದಲ್ಲಿ ಸಮಾಜಶಾಸ್ತ್ರಜ್ಞರ ಸಭೆಯ ಅಧ್ಯಕ್ಷ ಪೀಠದಿಂದಲೇ ಕುಟುಕಿದ: ಜೈಲಿನ ಲೆಕ್ಕ ನೋಡಿ ಬಡತನವೇ ಅಪರಾಧದ ಬೇರು ಅನ್ನೋದು ತಪ್ಪು, ಮರ್ಯಾದಸ್ಥರು ತಮ್ಮ ಕಸುಬಿನೊಳಗೇ ಮಾಡುವ ಅಪರಾಧ ಆ ಲೆಕ್ಕಕ್ಕೇ ಬರುವುದಿಲ್ಲ.

ಆಮೇಲೆ 70 ದೊಡ್ಡ ಕಂಪನಿಗಳ ಕಡತ ಬಿಚ್ಚಿದ. ವಿರುದ್ಧ ಬಂದ ತೀರ್ಪುಗಳು 980! ಒಂದು ಕಂಪನಿಯೂ ಶುದ್ಧವಿಲ್ಲ. ಆದರೆ ಕ್ರಿಮಿನಲ್ ಕೋರ್ಟು ಕೊಟ್ಟವು 158 ಮಾತ್ರ. ಕಾನೂನು ಬಲ್ಲ ಪಾಲ್ ಟ್ಯಾಪನ್ 1947ರಲ್ಲಿ ಜಗಳ ತೆಗೆದ: ಕೋರ್ಟು ಅಪರಾಧಿ ಅನ್ನದವನನ್ನು ನೀನು ಹೇಗೆ ಅಂತೀಯೆ? ನ್ಯಾಯದ ಮಾತೇ, ಸರಿ. ಆದರೆ ಉಳ್ಳವರನ್ನು ಆ ಕೋರ್ಟಿನ ಮೆಟ್ಟಿಲು ಹತ್ತಿಸುವವರು ಯಾರು?

1949ರಲ್ಲಿ ಪುಸ್ತಕ ಬಂತು, ಕಂಪನಿಗಳ ಹೆಸರಿಲ್ಲದೆ. ಮಾನನಷ್ಟ ಮೊಕದ್ದಮೆಗೆ ಪ್ರಕಾಶಕರು ಹೆದರಿದ್ದರು. ಕಾಯಿ ಕದ್ದವನ ಮಾನಕ್ಕೆ ಹೀಗೆ ಅಂಜಿದವರನ್ನು ನಾವಂತೂ ಕಾಣೆವು. ಮರುವರ್ಷ ಸದರ್‌ಲೆಂಡ್ ಸತ್ತ. ಹೆಸರುಗಳ ಸಮೇತ ಪುಸ್ತಕ ಅಚ್ಚಾದದ್ದು 1983ರಲ್ಲಿ.